ತಾನಾಗಿ ಬೋಳಿಸಿಕೊಂಡವಳು

ಬೊಂಬಾಯಿ ಮೇಲ್ ಆದೋನಿಯಲ್ಲಿ ನಿಂತಿತು. ಇಳಿದ ಮಗಳನ್ನು ಕಂಡು ಜಯಾಬಾಯಿಯ ಎದೆ ಧಸಕ್ಕೆಂದಿತು. ಮಥುರೆಯ ತಲೆ ನುಣ್ಣಗೆ ಬೋಳು! ಅವರ ವೈಷ್ಣವ ಮನೆತನದಲ್ಲಿ ಹಿಂದೆ ಹೆಣ್ಣಿನ ತಲೆ ಬೋಳಾಗುತ್ತಿದ್ದದ್ದು ಗಂಡ ಸತ್ತಾಗ. ಈ ಹುಡುಗಿಗೋ ಇನ್ನೂ ಗಂಡೇ ಗೊತ್ತಾಗಿರಲಿಲ್ಲ.

"ಏನಾಗ್ಯದವಾ ನಿನಗ?"

"ಏನೂ ಆಗಿಲ್ಲಮ್ಮ. ನಾನs ತೆಗೆಸೀನಿ. ಪಂಕ್ ರಾಕ್ ಅಂತ ಇಂಗ್ಲಿಷ್ ಕೂಗುಹಾಡು ಹಾಡ್ತೀನಿ ಈಗ, ಆ ಮಂದಿ ತಲಿ ಹಿಂಗs ಮಾಡಿಸ್ಕೋತಾರ."

ಇದೇ ಮಥುರೆ ಏಕಾದಶಿ ಭಜನೆಗೆ ತಂಬೂರಿ ಹಿಡಿದು ಕೂತರೆ ಮುದುಕರು ಕಣ್ಣೊರೆಸಿಕೊಳ್ಳುತ್ತಿದ್ದರು. ಓದಲೆಂದು ಬೊಂಬಾಯಿಯ ಸೋದರಮಾವನ ಮನೆಗೆ ಕಳಿಸಿದರು. ಓದಿದಳು, ಟೆಲಿಫೋನ್ ಕಚೇರಿಯಲ್ಲಿ ಕೆಲಸವನ್ನೂ ಹಿಡಿದಳು. ಸಂಜೆ ಮಾತ್ರ ಗಿಟಾರು, ಡ್ರಮ್ಮಿನ ಹುಡುಗರ ಜೊತೆ ಯಾರದೋ ಕಾರ್ ಶೆಡ್ಡಿನಲ್ಲಿ ಗಂಟಲು ಹರಿಯುವಂತೆ ಕೂಗುತ್ತಿದ್ದಳಂತೆ. ನಾಳೆ ಮದ್ರಾಸಿನಲ್ಲಿ ಅದರದೇ ಕಾರ್ಯಕ್ರಮವಂತೆ!

ಊರಿಗೆ ಸುದ್ದಿ ಮುಟ್ಟಲು ಹೊತ್ತು ಬೇಕೆ? ಎದುರುಮನೆಯ ಹತ್ತಿ ವ್ಯಾಪಾರಿಯ ಹೆಂಡತಿ ಕೊಟ್ರಮ್ಮ ಸೆರಗು ಬಾಯಿಗಿಟ್ಟುಕೊಂಡೇ ಬಂದಳು.

"ಅಯ್ಯೋ ಪಾಪಂ! ಮದುವಿ ಯಾವಾಗ ಮಾಡಿದ್ರಿ, ಅಳಿಯ ಯಾವಾಗ ಹೋದ? ನಮಗೊಂದು ಮಾತು ಹೇಳಬಾರದೇನ್ರಿ?"

ಮದುವೆಯಾಗದ ಮಗಳಿಗೆ ಊರು ವಿಧವೆಯ ಪಟ್ಟ ಕಟ್ಟಿತ್ತು. ಇನ್ನು ಯಾರು ಹೆಣ್ಣು ಕೇಳಿಕೊಂಡು ಬಂದಾರು?

ಉಳಿದ ಆಸರೆ ಅತ್ತೆ ಕಾವೇರಿಬಾಯಿ. ಕಂಕುಳಲ್ಲಿ ಕೂಸಿರುವಾಗಲೇ ವಿಧವೆಯಾಗಿ, ಅಂದಿನಿಂದ ಬೋಳುತಲೆಯ ಮೇಲೆ ಕೆಂಪು ಸೆರಗು ಹೊದ್ದ ಮಡಿ ಹೆಂಗಸು. ಆಕೆ ಬೇಡವೆಂದರೆ ಮನೆಯಲ್ಲಿ ಯಾರೂ ಹೊಸ್ತಿಲು ದಾಟುವಂತಿಲ್ಲ.

"ಅತ್ತೆವ್ರ, ಮದ್ರಾಸಿಗೆ ಹೋಗಬ್ಯಾಡ ಅಂತ ಹೇಳ್ರಿ ಈಕಿಗೆ!"

ಮುದುಕಿ ಮೊಮ್ಮಗಳ ತಲೆಯನ್ನೇ ನೋಡುತ್ತ ನಿಂತರು.

"ಯಾರು ಬೋಳಿಸಿದ್ರು?"

"ನಾನs ಹೇಳಿ ಬೋಳಿಸಿಕೊಂಡೆ, ಅಜ್ಜಿ."

"ಕೈಕಾಲು ಯಾರೂ ಹಿಡೀಲಿಲ್ಲ?"

"ಇಲ್ಲ."

"ಹಾಡು, ಕೇಳೋಣು."

ಮಥುರೆ ಹಾಡಿದಳು. ಹಾಡೇನು ಬಂತು, ಕೂಗು! ಜಂತಿಯ ಪಾರಿವಾಳಗಳು ಹಾರಿಹೋದವು. ಜಯಾಬಾಯಿ ಕಿವಿ ಮುಚ್ಚಿಕೊಂಡು, ಅತ್ತೆ ಇನ್ನೇನು ಸಿಡಿಯುತ್ತಾರೆಂದು ಕಾದಳು.

ಕಾವೇರಿಬಾಯಿ ಸೊಸೆಯ ಕಡೆ ತಿರುಗಿದರು.

"ಅವತ್ತು ನನ್ನ ತಲಿ ಬೋಳಿಸೋವಾಗ ನಾನೂ ಹಿಂಗs ಒದರಿದ್ದೆ, ಜಯಾ. ನಮ್ಮತ್ತಿ ಬಾಯಾಗ ಅರಿವಿ ತುರುಕಿದ್ರು. ಇಕಿ ಬಾಯಿ ಮುಚ್ಚಸಬ್ಯಾಡ. ಬುತ್ತಿ ಕಟ್ಟು, ಹೋಗಲಿ."

ಮದುವೆಯಾಗಿ ಬಂದಾಗಿನಿಂದ ಒಂದೇ ಒಲೆಯ ಮುಂದೆ ಕೂತರೂ ಅತ್ತೆ ಈ ಮಾತನ್ನು ಎಂದೂ ಆಡಿರಲಿಲ್ಲ, ಜಯಾಬಾಯಿಯೂ ಕೇಳಿರಲಿಲ್ಲ. ಅವಳು ಒಳಗೆ ಹೋಗಿ ಮಗಳ ಬುತ್ತಿಗೆ ಮೊಸರನ್ನ ಕಲಸತೊಡಗಿದಳು.