ಸುಣ್ಣ ತೊಳೆದ ಮೇಲೆ ಕಂಡ ಹರಳು

ಬೆಳಗಿನ ಐದೂಮುಕ್ಕಾಲು. ಕುಮಟಾ ಪೇಟೆಯ ಹಿಂದಿನ ಓಣಿಯಲ್ಲಿ ಹಾಲಿನ ಅಂಗಡಿ ಬಿಟ್ಟರೆ ದೀಪ ಹೊತ್ತಿರುವುದು ಎಕ್ಸ್‌ರೇ ಕೇಂದ್ರದಲ್ಲಿ ಮಾತ್ರ. ಒಳಗೆ ಟೆಕ್ನೀಶಿಯನ್ ಮಾಲತಿ ನೀರು ಕಾಯಿಸುತ್ತಿದ್ದಾರೆ. ಚಹಕ್ಕಲ್ಲ, ಬೆಂಚಿನ ಮೇಲೆ ಕೂತಿರುವ ಕಾಗಾಲದ ಗಣಪಿಯ ದವಡೆ ತೊಳೆಯುವುದಕ್ಕೆ.

ಗಣಪಿ ಮೀನು ಮಾರುವ ಹೆಂಗಸು. ಎಡದವಡೆಯ ಕೆಳಗೆ ಕೋಳಿಮೊಟ್ಟೆಯಷ್ಟು ಬಾವು. ಅದರ ಮೇಲೆ ಸುಣ್ಣ-ಬೆಲ್ಲ ಕಲಸಿ ದಪ್ಪಗೆ ಬಳಿದದ್ದು ಒಣಗಿ ಚಕ್ಕೆಯಾಗಿದೆ. ಬಾವು ಎಲ್ಲೇ ಬರಲಿ, ಈ ಕಡೆಯ ಮನೆಗಳಲ್ಲಿ ಕೈ ಮೊದಲು ಹೋಗುವುದು ಎಲೆ-ಅಡಿಕೆ ತಟ್ಟೆಯ ಸುಣ್ಣದ ಡಬ್ಬಿಗೆ.

"ತೊಳೀಬೇಡ್ರೆ ಮಾಲತಕ್ಕ. ನಮ್ಮತ್ತೆ ನಿನ್ನೆಯಷ್ಟೇ ಹಚ್ಚಿದ್ದು. ಗೊತ್ತಾದ್ರೆ ನನ್ನ ಗತಿ ಎಂತ?"

"ನಿಮ್ಮತ್ತೆಗೆ ನಾ ಹೇಳ್ತೆ. ಸುಣ್ಣ ಫಿಲಮ್ಮಿನಲ್ಲಿ ಬೆಳ್ಳಗೆ ಕಾಣ್ತದೆ. ಹರಳೂ ಬೆಳ್ಳಗೇ ಕಾಣ್ತದೆ. ಯಾವುದು ಎಂತ ಹೇಳಿ ಮಷೀನಿಗೆ ಗೊತ್ತಾಗ್ತದನೆ?"

ಬಿಸಿನೀರಿನ ಬಟ್ಟೆಯನ್ನು ಮಾಲತಿ ಮೊದಲು ತಮ್ಮ ಮಣಿಕಟ್ಟಿಗೆ ಒತ್ತಿ ನೋಡುತ್ತಾರೆ, ಆಮೇಲೆ ಗಣಪಿಯ ದವಡೆಗೆ ಇಡುತ್ತಾರೆ. ಉಜ್ಜುವುದಿಲ್ಲ. ಚಕ್ಕೆ ತಾನಾಗಿಯೇ ಮೆತ್ತಗಾಗಲಿ ಎಂದು ಕಾಯುತ್ತಾರೆ. ಹಾಗೆ ಮೂರು ಬಟ್ಟೆ ಬದಲಾಗುತ್ತವೆ.

ಗಣಪಿಯ ಮಡಿಲಲ್ಲಿ ಪ್ಲಾಸ್ಟಿಕ್ ಚೀಲ, ಅದರೊಳಗೆ ಹತ್ತು ದಿನದ ಹಿಂದೆ ಬೇರೆ ಕಡೆ ತೆಗೆಸಿದ ಫಿಲಂ. ದವಡೆಯ ಕೆಳಗಿನ ಜೊಲ್ಲು ಗ್ರಂಥಿ ಇರುವ ಜಾಗದಲ್ಲಿ ಒಂದು ಬಿಳಿ ಚುಕ್ಕೆ. ಹರಳು ಗ್ರಂಥಿಯ ಒಳಗೇ ಕೂತಿದೆ, ಅದಕ್ಕೇ ಊಟಕ್ಕೆ ಕೂತಾಗಲೆಲ್ಲ ಜೊಲ್ಲು ಹರಿಯಲಾರದೆ ಬಾವು ಏಳುತ್ತದೆ ಎಂಬುದು ವರದಿಯ ಸಾರ. ಕುತ್ತಿಗೆಯ ಪಕ್ಕ ಕೊಯ್ದು ಗ್ರಂಥಿಯನ್ನೇ ತೆಗೆಯಬೇಕು. ಬರುವ ಗುರುವಾರಕ್ಕೆ ದಿನವೂ ನಿಗದಿಯಾಗಿದೆ. ಅಲ್ಲಿ ತುಟಿಗೆ ಹೋಗುವ ಸಣ್ಣ ನರವೊಂದಿದೆ, ಅದಕ್ಕೆ ಪೆಟ್ಟಾದರೆ ಬಾಯಿ ಸ್ವಲ್ಪ ಸೊಟ್ಟಗಾಗಬಹುದು ಎಂದು ಕಿವಿ-ಗಂಟಲಿನ ಡಾಕ್ಟರು ಮೊದಲೇ ತಿಳಿಸಿದ್ದಾರೆ. ಕೊಯ್ಯುವ ಮುಂಚೆ ಇನ್ನೊಂದು ಎಕ್ಸ್‌ರೇ, ಒಂದು ಸ್ಕ್ಯಾನ್ ಮಾಡಿಸಿ ಬಾ ಎಂದು ಚೀಟಿ ಬರೆದುಕೊಟ್ಟವರೂ ಅವರೇ.

ಕೊಯ್ಯುವ ನೋವಿಗೆ ಗಣಪಿ ಹೆದರುವವರಲ್ಲ. ಅವರ ಭಯ ಬೇರೆ. "ನಾ ಓಣಿ ಓಣಿ ಕೂಗಿ ಮೀನು ಮಾರುವವಳು. ಬಾಯಿ ಸೊಟ್ಟ ಆದ್ರೆ ಬಂಗಡೆ ಹೇಳಿ ಕೂಗೂದು ಹ್ಯಾಂಗೆ? ಅದಕ್ಕೆ ಎರಡೂ ತುಟಿ ಸೇರಬೇಕಲ್ಲ, ಮಾರಾಯ್ತಿ!"

ಮಾಲತಿ ಹಳೆಯ ಫಿಲಮ್ಮನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡುತ್ತಾರೆ.

"ಇದನ್ನ ತೆಗೆದ ದಿವ್ಸ ಸುಣ್ಣ ಹಚ್ಚಿತ್ತನೆ?"

"ಹಚ್ಚಿತ್ತು. ಮೇಲಿಂದ ಶಾಲು ಸುತ್ತಿಕೊಂಡೇ ಹೋಗಿದ್ದೆ. ಶಾಲು ತೆಗಿ ಅಂದ್ರು, ತೆಗೆದೆ. ಬೇರೆ ಎಂತದೂ ಕೇಳ್ಲಿಲ್ಲ."

ಮಾಲತಿ ನಾಲ್ಕನೆಯ ಬಟ್ಟೆಯನ್ನು ನೀರಿಗೆ ಅದ್ದುತ್ತಾರೆ.

ಮಾಲತಿಗೆ ಈಗ ಐವತ್ತೆರಡು. ಹುಟ್ಟಿದ್ದು ಮಾವಳ್ಳಿಯ ಮೀನುಗಾರರ ಮನೆಯಲ್ಲಿ. ಭಟ್ಕಳದಲ್ಲಿ ಪಿಯುಸಿ ಮುಗಿಸಿ, ಹುಬ್ಬಳ್ಳಿಯಲ್ಲಿ ಎರಡು ವರ್ಷ ಎಕ್ಸ್‌ರೇ ಕೋರ್ಸ್ ಓದಿದರು. ಗಂಡ ರಮಾನಂದ ಹೊನ್ನಾವರದಲ್ಲಿ ದೋಣಿ ಎಂಜಿನ್ ರಿಪೇರಿ ಮಾಡುತ್ತಾರೆ. ನಸುಕಿನಲ್ಲಿ ಹೆಂಡತಿಯನ್ನು ಬೈಕಿನಲ್ಲಿ ಕುಮಟೆಗೆ ಬಿಟ್ಟು, ಹಿಂದಿರುಗಿ ತಮ್ಮ ಶೆಡ್ಡಿನ ಬಾಗಿಲು ತೆರೆಯುವುದು ಅವರ ದಿನಚರಿ. ದೋಣಿ ಬರುವ ಮೊದಲೇ ಮೀನಿನ ಹೆಂಗಸರ ಎಕ್ಸ್‌ರೇ ಆಗಬೇಕು, ಇಲ್ಲದಿದ್ದರೆ ಅವರು ಬರುವುದೇ ಇಲ್ಲ ಎಂದು ಕೇಂದ್ರದ ಯಜಮಾನರನ್ನು ಒಪ್ಪಿಸಿ, ಬೇಗ ತೆರೆಯುವ ಪದ್ಧತಿ ಮಾಡಿಸಿದವರು ಮಾಲತಿ. ದಿನಕ್ಕೆ ಮೂವತ್ತೈದರಿಂದ ನಲವತ್ತು ಎಕ್ಸ್‌ರೇ. ಹೆಚ್ಚಿನವು ಎದೆ, ಮೊಣಕಾಲು, ಸೊಂಟ. ಜೊಲ್ಲು ಗ್ರಂಥಿಯ ಬಾವು ತಿಂಗಳಿಗೆ ನಾಲ್ಕೋ ಐದೋ. ಕಿರಣ ತಡೆಯುವ ಸೀಸದ ಏಪ್ರನ್ ಹೊತ್ತು ಹೊತ್ತು ಬಲಭುಜ ಮೇಲೇಳುವುದಿಲ್ಲ. ಚಳಿಗಾಲದ ಬೆಳಿಗ್ಗೆ ರೋಗಿಗೆ ಏಪ್ರನ್ ಕಟ್ಟುವ ಮೊದಲು ಅದನ್ನು ಒಂದು ನಿಮಿಷ ತಾವು ತೊಟ್ಟು ಬೆಚ್ಚಗೆ ಮಾಡುತ್ತಾರೆ. ಯಾರೂ ಹೇಳಿಕೊಟ್ಟದ್ದಲ್ಲ.

ಸುಣ್ಣ ತೊಳೆಯುವುದನ್ನು ಮಾತ್ರ ಒಂದು ತಪ್ಪು ಕಲಿಸಿತು.

ಇಪ್ಪತ್ತಮೂರು ವರ್ಷದ ಹಿಂದಿನ ಮಾತು. ಭಟ್ಕಳದ ಸಣ್ಣ ಕ್ಲಿನಿಕ್ಕೊಂದರಲ್ಲಿ ಕೆಲಸಕ್ಕೆ ಸೇರಿ ನಾಲ್ಕು ತಿಂಗಳಾಗಿತ್ತು. ಮಾವಳ್ಳಿಯ ಪಕ್ಕದ ಮನೆಯ ದುರ್ಗಿ ದವಡೆ ಹಿಡಿದುಕೊಂಡು ಬಂದರು. ಹಿರಿಯರು ಹಚ್ಚಿದ ಔಷಧ, ಕೆದಕುವುದು ಹೇಗೆ ಎಂಬ ಸಂಕೋಚದಲ್ಲಿ ಮಾಲತಿ ಸುಣ್ಣವನ್ನು ಮುಟ್ಟದೆ ಫಿಲಂ ತೆಗೆದರು. ಬಿಳಿ ಚುಕ್ಕೆ ಕಂಡಿತು. ಹರಳು ಎಂದು ವರದಿಯಾಯಿತು. ದೂರದ ಊರಿನಲ್ಲಿ ಕೊಯ್ದು ಗ್ರಂಥಿ ತೆಗೆದು ನೋಡಿದರೆ ಒಳಗೆ ಹರಳೇ ಇರಲಿಲ್ಲ. ದುರ್ಗಿಯ ಕೆಳತುಟಿಯ ಒಂದು ತುದಿ ಜಗ್ಗಿದ್ದು ಹಾಗೇ ಉಳಿಯಿತು.

"ನಾನೇ ಅವರ ಮನೆಗೆ ಹೋಗಿ, ತಪ್ಪು ನಂದು ಹೇಳ್ದೆ. ದುರ್ಗಕ್ಕ ಬೈಲಿಲ್ಲ. ಶೆಟ್ಲಿ ಮೀನಿನ ಸಾರು ಮಾಡಿದ್ದೆ, ಉಂಡು ಹೋಗು ಅಂದಳು. ಬೈದಿದ್ರೆ ನಾ ಎಲ್ಲ ಮರೆತುಬಿಡ್ತಿದ್ನೇನ," ಎನ್ನುತ್ತಾರೆ ಮಾಲತಿ. ಅಂದಿನಿಂದ ದವಡೆ ತೊಳೆಯದೆ ಒಂದು ಫಿಲಮ್ಮೂ ತೆಗೆದಿಲ್ಲ. ಬಾವು ಮುಟ್ಟಿದರೆ ಚೀರುವವರಿಗೂ ರಿಯಾಯಿತಿ ಇಲ್ಲ.

ಗಣಪಿಯ ದವಡೆ ಈಗ ಶುಭ್ರ. ಪಕ್ಕದಿಂದ ಒಂದು ಎಕ್ಸ್‌ರೇ. ಕಂಪ್ಯೂಟರ್ ಪರದೆಯ ಮೇಲೆ ಮೂಳೆ ಇದೆ, ಹಲ್ಲುಗಳಿವೆ. ಹಿಂದಿನ ಫಿಲಮ್ಮಿನ ಬಿಳಿ ಚುಕ್ಕೆ ಇಲ್ಲ.

"ಹೋತನ? ಹಾಗಾದ್ರೆ ನಾನೂ ಹೋಗ್ತೆ. ಏಳೂವರೆಗೆ ದೋಣಿ ಬರ್ತದೆ," ಎಂದು ಗಣಪಿ ಏಳುತ್ತಾರೆ.

"ಕೂತ್ಕೋ. ಹೋದದ್ದು ಸುಣ್ಣ. ಬಾವು ಇನ್ನೂ ಅಲ್ಲೇ ಅದೆಯಲ್ಲ? ಅದಕ್ಕೆ ಕಾರಣ ಬೇಡ್ವನೆ?"

ಮುಂದಿನದು ಕಚ್ಚುವ ಫಿಲಂ. ಅಂಗೈಗಿಂತ ಚಿಕ್ಕದು. ಅದನ್ನು ಹಲ್ಲುಗಳ ನಡುವೆ ಮಟ್ಟಸವಾಗಿ ಕಚ್ಚಿ ಹಿಡಿಯಬೇಕು. ತಲೆ ಹಿಂದಕ್ಕೆ ಬಾಗಿಸಿ ಗದ್ದದ ಕೆಳಗಿನಿಂದ ಕಿರಣ ಹಾಯಿಸಿದರೆ, ಪಕ್ಕದ ಎಕ್ಸ್‌ರೇಯಲ್ಲಿ ಮೂಳೆಯ ಮರೆಗೆ ಹೋಗುವ ನಾಲಿಗೆಯಡಿಯ ಜಾಗ ಪೂರ್ತಿ ಕಾಣುತ್ತದೆ. ಕಂಪ್ಯೂಟರ್ ಬಂದ ಮೇಲೆ ಈ ಫಿಲಂ ತರಿಸುವುದನ್ನೇ ನಿಲ್ಲಿಸಲು ಯಜಮಾನರು ಹೊರಟಿದ್ದರು. ತಿಂಗಳಿಗೆ ನಾಲ್ಕು ಜನರಿಗೆ ಇದೆಲ್ಲ ಯಾಕೆ ಎಂದರು. ಆ ನಾಲ್ಕು ಜನ ಎಲ್ಲಿಗೆ ಹೋಗಬೇಕು ಎಂದು ಮಾಲತಿ ಮೂರು ವಾರ ಕೇಳುತ್ತಲೇ ಇದ್ದರು. ಫಿಲಂ ಬರುತ್ತಲೇ ಇದೆ. ಕತ್ತಲೆಕೋಣೆಯಲ್ಲಿ ಅದನ್ನು ಔಷಧದಲ್ಲಿ ತೊಳೆಯುವ ಕೈ ಈಗ ಇಲ್ಲಿ ಅವರದೊಂದೇ.

ಒದ್ದೆ ಫಿಲಮ್ಮಿನೊಂದಿಗೆ ಹೊರಬಂದವರು ಅದನ್ನು ಕಿಟಕಿಗೆ ಹಿಡಿಯುತ್ತಾರೆ. ಎಡಗಡೆ, ಮುಂದಿನ ಹಲ್ಲುಗಳ ಹಿಂದೆ, ಅಕ್ಕಿಕಾಳಿನಷ್ಟು ಒಂದು ಬಿಳುಪು.

"ಎಂತ ಅದು?"

"ಅದು ಡಾಕ್ಟರು ಹೇಳೂದು. ನಾ ಹೇಳೂಕಾಗೂದಿಲ್ಲ. ವಿಶ್ವನಾಥ ಡಾಕ್ಟರು ಒಂಬತ್ತಕ್ಕೆ ಬರ್ತ್ರು, ಸ್ಕ್ಯಾನ್ ಮಾಡಿಸಿಕೊಂಡೇ ಹೋಗು."

ಸ್ಕ್ಯಾನಿನ ಡಾಕ್ಟರು ಇಲ್ಲಿಗೆ ಬರುವುದು ಮಂಗಳವಾರ ಮತ್ತು ಶುಕ್ರವಾರ. ಇಂದು ಶುಕ್ರವಾರ. ಮುಂದಿನ ಮಂಗಳವಾರಕ್ಕೆ ಬಿಟ್ಟರೆ, ಕೊಯ್ಯುವ ಗುರುವಾರಕ್ಕೆ ನಡುವೆ ಉಳಿಯುವುದು ಒಂದೇ ದಿನ. ಆದರೆ ಇವತ್ತು ದೋಣಿಗೆ ಹೋಗದಿದ್ದರೆ ಬುಟ್ಟಿ ಖಾಲಿ. ಗಣಪಿ ಬಾಗಿಲ ಕಡೆ ನೋಡುತ್ತಾರೆ. ಮಾಲತಿ ಬಾಗಿಲಿಗೆ ಅಡ್ಡ ನಿಲ್ಲುತ್ತಾರೆ.

ಆಗ ಬೆಂಚಿನ ಇನ್ನೊಂದು ತುದಿಯಿಂದ ಮಾತು ಬರುತ್ತದೆ. ಮೊಣಕೈ ಎಕ್ಸ್‌ರೇ ಮುಗಿಸಿ ಕೂತಿರುವ ಲಕ್ಕಿ, ಪೇಟೆಯಲ್ಲಿ ಗಣಪಿಯ ಪಕ್ಕದಲ್ಲೇ ಬುಟ್ಟಿ ಇಡುವವರು. ಗಿರಾಕಿಗಳ ವಿಷಯಕ್ಕೆ ಇಬ್ಬರ ನಡುವೆ ವಾರಕ್ಕೊಮ್ಮೆಯಾದರೂ ಜಗಳ.

"ನಿನ್ನ ಪಾಲೂ ನಾನೇ ಎತ್ತಿಕೊಂಡು ಬರ್ತೆ, ಕೂತ್ಕೋ ಅತ್ಲಾಗೆ."

"ನೀನು? ಒಳ್ಳೇದೆಲ್ಲ ನಿನ್ನ ಬುಟ್ಟಿಗೆ, ಬಾಲ ಮುರಿದದ್ದು ನನ್ನ ಬುಟ್ಟಿಗೆ!"

"ಬಾಯಿ ಸೊಟ್ಟ ಆದ್ಮೇಲೆ ನಿನ್ನ ಸಂಗಡ ಜಗಳ ಮಾಡೂಕೆ ನಂಗೆ ಎಂತ ಸುಖ ಅದೆ? ಸುಮ್ಮನೆ ಕೂತ್ಕಳೆ!"

ಲಕ್ಕಿ ಹೊರಟುಹೋಗುತ್ತಾರೆ. ಗಣಪಿ ಕೂರುತ್ತಾರೆ. ಕೌಂಟರಿನ ಹುಡುಗಿ ಸುಚಿತಾ ತನ್ನ ಡಬ್ಬಿಯ ಅವಲಕ್ಕಿಯನ್ನು ಮೊಸರಿನಲ್ಲಿ ಮೆತ್ತಗೆ ಕಲಸಿ ತಂದಿಡುತ್ತಾಳೆ, ಕೇಳದೆಯೇ.

ಒಂಬತ್ತಕ್ಕೆ ಡಾಕ್ಟರು ಬರುತ್ತಾರೆ. ಮಾಲತಿ ಹಳೆಯ ಫಿಲಂ, ಹೊಸ ಫಿಲಂ ಎರಡನ್ನೂ ಅವರ ಮುಂದಿಟ್ಟು, ಸುಣ್ಣದ ವಿಷಯವನ್ನು ಎರಡೇ ಮಾತಿನಲ್ಲಿ ತಿಳಿಸುತ್ತಾರೆ. ಆಮೇಲೆ ಭರಣಿಯಿಂದ ಒಣಗಿದ ಮುರುಗಲ ಹಣ್ಣಿನ ಸಿಪ್ಪೆಯೊಂದನ್ನು ತೆಗೆದು ಗಣಪಿಯ ಬಾಯಿಗೆ ಹಾಕುತ್ತಾರೆ. ಹುಳಿ ತಾಗಿದರೆ ಜೊಲ್ಲು ಹರಿಯುತ್ತದೆ. ಅಡ್ಡಿಯಿದ್ದರೆ ಅಡ್ಡಿಯ ಹಿಂದೆ ಜೊಲ್ಲಿನ ನಾಳ ಉಬ್ಬುತ್ತದೆ, ಆಗ ಸ್ಕ್ಯಾನಿನಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಮೊದಲೆಲ್ಲ ಲಿಂಬೆರಸ ಕೊಡುತ್ತಿದ್ದರು. "ಲಿಂಬು ಗುಟುಕ್ಕನೆ ನುಂಗಿಬಿಡ್ತ್ರು. ಮುರುಗಲು ಆದ್ರೆ ದವಡೆಗೆ ಇಟ್ಕಂಡು ಚೀಪ್ತ್ರು," ಎಂಬುದು ಮಾಲತಿ ಕಂಡುಕೊಂಡ ಸತ್ಯ. ಡಾಕ್ಟರೂ ಈಗ ಮುರುಗಲನ್ನೇ ಕೇಳುತ್ತಾರೆ.

ಗಣಪಿಯ ಕಣ್ಣಲ್ಲಿ ನೀರು ಬರುತ್ತದೆ, ಬಾವು ಬಿಗಿಯುತ್ತದೆ. ಮಾಲತಿ ಅವರ ಪಾದ ಹಿಡಿದು ನಿಂತಿದ್ದಾರೆ. ಡಾಕ್ಟರು ಪರದೆಯನ್ನು ರೋಗಿಯ ಕಡೆಗೇ ತಿರುಗಿಸುತ್ತಾರೆ.

"ನೋಡಿ, ಇದು ನಾಳ. ಇದು ಹರಳು. ಗ್ರಂಥಿಯೊಳಗೆ ಇಲ್ಲ, ನಾಲಿಗೆಯಡಿಯಲ್ಲೇ ಬಂದು ಕೂತಿದೆ. ಬಾಯಿಯೊಳಗಿಂದಲೇ ತೆಗೆಯಬಹುದು ಎಂದು ನಿಮ್ಮ ಡಾಕ್ಟರಿಗೆ ಬರೆಯುತ್ತೇನೆ. ಕುತ್ತಿಗೆ ಕೊಯ್ಯುವ ಅಗತ್ಯ ನನಗೆ ಕಾಣುತ್ತಿಲ್ಲ."

ಮುರುಗಲು ಬಾಯಲ್ಲಿಟ್ಟುಕೊಂಡೇ ಗಣಪಿ ಮಾಲತಿಯ ಕೈಯನ್ನು ಹಿಡಿದುಕೊಳ್ಳುತ್ತಾರೆ, ಬಿಡುವುದಿಲ್ಲ. ಹೊರಗೆ ಹನ್ನೊಂದು ಜನ ಕಾಯುತ್ತಿದ್ದಾರೆ ಎಂದು ಸುಚಿತಾ ಬಂದು ನೆನಪಿಸಬೇಕಾಗುತ್ತದೆ.

ಸೋಮವಾರ ಕಿವಿ-ಗಂಟಲಿನ ಡಾಕ್ಟರು ನಾಲಿಗೆಯಡಿ ಮರಗಟ್ಟಿಸುವ ಚುಚ್ಚುಮದ್ದು ಕೊಟ್ಟು ಹರಳು ತೆಗೆಯುತ್ತಾರೆ. ಕುತ್ತಿಗೆಯ ಮೇಲೆ ಒಂದು ಗೀರೂ ಇಲ್ಲ. ಎರಡು ದಿನ ಮಾತು ಕಡಿಮೆ ಮಾಡಿ ಎಂದು ಹೇಳಿ ಮನೆಗೆ ಕಳಿಸುತ್ತಾರೆ. ಈ ಸಂಗತಿ ಮಾಲತಿಗೆ ತಿಳಿಯುವುದು ಲಕ್ಕಿಯಿಂದ.

ಸುಚಿತಾಳಿಗೆ ಕಚ್ಚುವ ಫಿಲಂ ಕಲಿಸಬೇಕೆಂಬುದು ಮಾಲತಿಯ ಆಸೆ. ಅವಳೂ ಕೋರ್ಸಿಗೆ ಅರ್ಜಿ ಹಾಕಿದ್ದಾಳೆ. ಆದರೆ ಅವಳಿಗೊಂದು ಬೇಸರ. "ವರದಿಯ ಕೆಳಗೆ ಡಾಕ್ಟರ ಹೆಸರು, ಮೇಲೆ ಕೇಂದ್ರದ ಹೆಸರು. ನಿಮ್ಮ ಹೆಸರು ಎಲ್ಲೂ ಇಲ್ಲ ಅಲ್ವ ಮಾಲತಕ್ಕ?" ಎಂದು ಗುರುವಾರ ಬೆಳಿಗ್ಗೆ ಕೇಳಿಯೇ ಬಿಡುತ್ತಾಳೆ.

ಮಾಲತಿ ಆಗ ಎದೆಯ ಎಕ್ಸ್‌ರೇಗೆ ವೆಂಕಟಜ್ಜನನ್ನು ನಿಲ್ಲಿಸಿದ್ದಾರೆ. "ಉಸಿರು ತಗಳಿ ಅಜ್ಜ. ಹಿಡ್ಕಳಿ." ಅಷ್ಟರಲ್ಲಿ ಓಣಿಯ ತುದಿಯಿಂದ ಕೂಗು ಕೇಳುತ್ತದೆ. "ಬಂಗಡೇ... ಬಂಗಡೇ..." ಎರಡೂ ತುಟಿ ಗಟ್ಟಿಯಾಗಿ ಸೇರಿ ಬಿಟ್ಟ ಕೂಗು. ಮಾಲತಿಯ ಬೆರಳು ಗುಂಡಿಯ ಮೇಲೆ ಅರೆಕ್ಷಣ ನಿಂತು, ಆಮೇಲೆ ಒತ್ತುತ್ತದೆ.

"ಆತು ಅಜ್ಜ, ಉಸಿರು ಬಿಡಿ."

ಏಪ್ರನ್ ಬಿಚ್ಚುತ್ತ ಹೊರಬಂದು ಸುಚಿತಾಳಿಗೆ ಹೇಳುತ್ತಾರೆ. "ಕೇಳ್ತನೆ? ನನ್ನ ವರದಿ ಅದು. ಇಡೀ ಓಣಿಗೆ ಓದಿ ಹೇಳ್ತಾ ಇದ್ದಾಳೆ."