ಬೈಯುವುದನ್ನು ಬಿಟ್ಟ ಗಂಗಕ್ಕ

ಆ ಬೆಳಿಗ್ಗೆಯೂ ಮುಂಬೈಯ ಕುರ್ಲಾದ ನಮ್ಮ ಚಾಳಿನ ನಲ್ಲಿಗೆ ಎಂದಿನ ಹೊತ್ತಿಗೇ ನೀರು ಬಂತು. ಕೊಡಗಳು ಸಾಲು ಹಿಡಿದವು, ಸ್ಟೋವುಗಳು ಭುಸುಗುಟ್ಟಿದವು. ನಾನು ಹಾಲು ಕಾಯಲಿಟ್ಟು ನಮ್ಮವರ ಅಂಗಿಗೆ ಗುಂಡಿ ಹೊಲಿಯುತ್ತ ಕುಳಿತಿದ್ದೆ. ಪಕ್ಕದ ಖೋಲಿಯಿಂದ ಗಂಗಕ್ಕನ ದನಿ ಬಂತು. "ಇನ್ನೆರಡು ರೊಟ್ಟಿ ಕಟ್ಟಲೇನ್ರೀ? ದಾರ್ಯಾಗ ಹಸಿವಾದೀತು." ಆ ದನಿ ಎಷ್ಟು ಮೆತ್ತಗಿತ್ತೆಂದರೆ ನನ್ನ ಸೂಜಿ ತಾನಾಗಿ ನಿಂತಿತು.

ಗಂಗಕ್ಕನನ್ನು ಬಲ್ಲ ಯಾರೂ ಅದು ಅವರ ದನಿಯೆಂದು ಒಪ್ಪುತ್ತಿರಲಿಲ್ಲ. ಧಾರವಾಡದ ಕಡೆಯ ಆ ಗಿಡ್ಡ ಹೆಂಗಸಿನ ಗಂಟಲು ಸ್ಟೇಷನ್ನಿನವರೆಗೂ ಹೋಗುತ್ತದೆಂದು ನಮ್ಮವರು ನಗುತ್ತಿದ್ದರು. ಚಾಳಿಗೆ ಬೆಳಗಾಗುತ್ತಿದ್ದುದೇ ಅವರ ಬೈಗುಳದಿಂದ. "ಏನ್ರೀ, ಇನ್ನೂ ಹಾಸಿಗ್ಯಾಗ ಅದೀರಿ? ನಿಮ್ಮ ಮಾರಿ ನೋಡಲಿಕ್ಕೆ ಸೂರ್ಯಾ ಕಿಡಕ್ಯಾಗ ಬಂದು ನಿಂತಾನ!" ಆಗ ಒಳಗಿನಿಂದ ಅವರ ಗಂಡ ವೆಂಕಣ್ಣನವರ ತಣ್ಣಗಿನ ಉತ್ತರ ಕೇಳುತ್ತಿತ್ತು. "ನಿಂದರಸು ಅವನ್ನ. ಚಹಾ ಕೊಡು."

ಮಂಗಳೂರಿನ ಕಾನ್ವೆಂಟಿನಲ್ಲಿ ಓದಿ ಮದುವೆಯಾಗಿ ಬಂದ ನನಗೆ ಮೊದಲು ಇದೆಲ್ಲ ಗಾಬರಿ ಹುಟ್ಟಿಸಿತ್ತು. ದುಃಖದಲ್ಲಿರುವವರ ಕೈ ಹಿಡಿದು ಮೆಲ್ಲಗೆ ಮಾತಾಡಬೇಕೆಂದು ಸಿಸ್ಟರುಗಳು ನಮಗೆ ಕಲಿಸಿದ್ದರು. ಒಮ್ಮೆ ತಡೆಯಲಾರದೆ, "ಯಾಕೆ ಗಂಗಕ್ಕ, ಪಾಪ, ಅವರಿಗೆ ಅಷ್ಟು ಬೈತೀರಿ?" ಎಂದೆ. ಅವರು ಮೊರದಿಂದ ತಲೆ ಎತ್ತಲೂ ಇಲ್ಲ. "ಗೋಡಿಗೆ ಯಾರರ ಬೈತಾರೇನು, ತಂಗಿ?" ಎಂದರು.

ಅದರ ಅರ್ಥ ನನಗೆ ಆದದ್ದು ನನ್ನ ಮೊದಲ ಕೂಸು ಉಳಿಯದೆ ಹೋದಾಗ. ಆಸ್ಪತ್ರೆಯಿಂದ ಬಂದ ಮೇಲೆ ನೋಡಲು ಬಂದವರೆಲ್ಲ ಒಳ್ಳೆಯ ಮಾತನ್ನೇ ಆಡಿದರು. ದೇವರ ಇಚ್ಛೆ ಎಂದರು, ಚಿಕ್ಕ ಪ್ರಾಯ ಎಂದರು. ನಾನು ಎಲ್ಲರಿಗೂ ತಲೆಯಾಡಿಸಿದೆ. ಕಣ್ಣಲ್ಲಿ ಒಂದು ಹನಿಯೂ ಬರಲಿಲ್ಲ. ನಾಲ್ಕು ದಿನವಾದ ಮೇಲೆ ಗಂಗಕ್ಕ ಎಣ್ಣೆಯ ಬಟ್ಟಲು, ಬಾಚಣಿಗೆ ಹಿಡಿದು ಒಳಗೆ ನುಗ್ಗಿದರು. "ಏನವತಾರ ಇದು! ತಲ್ಯಾಗ ಗುಬ್ಬಿ ಗೂಡು ಕಟ್ಟಬೇಕಂತ ಮಾಡೀಯೇನು? ಏಳು, ಸರಿ ಇತ್ತಾಗ!"

ನನ್ನನ್ನು ಕೆಳಗೆ ಕೂರಿಸಿಕೊಂಡು ಸಿಕ್ಕು ಬಿಡಿಸತೊಡಗಿದರು. ಎಳೆದ ಎಳೆತಕ್ಕೆ ಕತ್ತು ನೋಯುತ್ತಿತ್ತು. ಬಾಯಿ ಮಾತ್ರ ನಿಲ್ಲಲಿಲ್ಲ. ಆಸ್ಪತ್ರೆಯನ್ನು ಬೈದರು, ಗಂಜಿ ಕುಡಿಯದ ನನ್ನನ್ನು ಬೈದರು, ಮೂಲೆಯಲ್ಲಿ ಸುಮ್ಮನೆ ಪೇಪರು ಹಿಡಿದಿದ್ದ ನಮ್ಮವರನ್ನೂ ಬಿಡಲಿಲ್ಲ. ಕೊನೆಗೆ, "ಆ ಕೂಸಿಗೂ ಬುದ್ಧಿ ಇಲ್ಲ ನೋಡು. ಇಂಥಾ ತಾಯಿನ್ನ ಬಿಟ್ಟು ಹೋತು!" ಎಂದರು. ನಾನು ಗಟ್ಟಿಯಾಗಿ ಅತ್ತುಬಿಟ್ಟೆ. ಕೂದಲಲ್ಲಿದ್ದ ಅವರ ಕೈ ನಿಂತಿತು. "ಹಾಂ, ಅಳು. ಎಲ್ಲಾ ಹೊರಗ ಬರಲಿ," ಎಂದರು. ನನ್ನ ಅಳು ನಿಂತ ಮೇಲೆ ಜಡೆ ಹೆಣೆದು ಹೋದರು.

ಮುಂದೆ ಎರಡು ವರ್ಷಕ್ಕೆ ವೆಂಕಣ್ಣನವರು ಲೆಕ್ಕ ಬರೆಯುತ್ತಿದ್ದ ಕಾಲ್ಬಾದೇವಿಯ ಬಟ್ಟೆಯ ಪೇಢಿ ಮುಚ್ಚಿತು. ಹಳೆಯ ಶೇಠರು ತೀರಿಕೊಂಡರು, ಮಕ್ಕಳಿಗೆ ಆ ವ್ಯಾಪಾರ ಬೇಡವಾಗಿತ್ತು. ಐವತ್ತು ದಾಟಿದ ಗುಮಾಸ್ತರಿಗೆ ಬೇರೆ ಕೆಲಸ ಸುಲಭವಿರಲಿಲ್ಲ. ಹುಬ್ಬಳ್ಳಿಯಲ್ಲಿ ಕಿರಾಣಿ ಅಂಗಡಿಯಿಟ್ಟಿದ್ದ ತಮ್ಮ ಬಾ ಎಂದು ಕರೆಯುತ್ತಲೇ ಇದ್ದ. "ತಮ್ಮನ ಗಲ್ಲಾದ ಮುಂದ ಆಳಾಗಿ ಕೂಡೂದು ನನ್ನಿಂದ ಆಗೂದಿಲ್ಲ. ಏನಾದರೂ ಇಲ್ಲೇ," ಎಂದು ವೆಂಕಣ್ಣ ಹಟ ಹಿಡಿದಿದ್ದರು.

ಆ ಹಟವನ್ನು ಬೀಳದಂತೆ ಎತ್ತಿ ಹಿಡಿದದ್ದು ಗಂಗಕ್ಕನ ಬಾಯಿ. ಗೋಡೆಗೆ ಮುಖ ಮಾಡಿ ಮಲಗಿದ ಗಂಡನಿಗೆ, "ಪೇಢಿ ಮುಚ್ಚಿದ್ರ ಮುಚ್ಚಿತು, ನೀವ್ಯಾಕ ಕಣ್ಣು ಮುಚ್ಚೀರಿ? ಕೋಟು ಹಾಕ್ಕೋರಿ! ಮುಂಬೈದಾಗ ಅದೊಂದಽ ಪೇಢಿ ಇತ್ತೇನು?" ಎಂದು ಅಬ್ಬರಿಸುತ್ತಿದ್ದರು. ವೆಂಕಣ್ಣ ಗೊಣಗುತ್ತ ಟೊಪ್ಪಿಗೆ ಸರಿಮಾಡಿಕೊಂಡು ಲೋಕಲ್ಲಿಗೆ ಹೋಗುತ್ತಿದ್ದರು. ಸಂಜೆ ಬರಿಗೈಯಲ್ಲಿ ಬಂದಾಗ, "ಬಂದ್ರಾ ಸರದಾರ್ರು? ಯಾವ ಕಿಲ್ಲೇ ಗೆದ್ರಿ?" ಎಂಬ ಸ್ವಾಗತ. "ಕಿಲ್ಲೇದ ಬಾಗಲಾ ನೋಡಿ ಬಂದೀನಿ. ನಾಳೆ ಒಳಗ ಹೋಗ್ತೀನಿ," ಎನ್ನುವರು ವೆಂಕಣ್ಣ. ನಗು ಗೋಡೆಯಾಚೆ ನಮಗೂ ಕೇಳುತ್ತಿತ್ತು.

ಒಂದು ಭಾನುವಾರ ಅವರ ಮಗಳು ಸುಶೀಲಾ ಕಾಂದಿವಲಿಯಿಂದ ಬಂದಳು. ಸಾಲೆಯಲ್ಲಿ ಕಲಿಸುವ, ತಿಳಿದ ಹುಡುಗಿ. ತಂದೆ ಹೊರಗೆ ಹೋದ ಮೇಲೆ ಗ್ಯಾಲರಿಯಲ್ಲಿ ನನ್ನೆದುರೇ ಅಳತೊಡಗಿದಳು. "ಅವ್ವಾ, ಅಪ್ಪ ಮೊದಲಽ ಸೋತಾರ. ನೀ ಹಿಂಗ ನಾಕು ಮಂದಿ ಕೇಳೂ ಹಂಗ ಬೈತಿದ್ರ, ಒಂದಿನ ಅವರು ರೈಲಿನ ಹಳಿ ಮ್ಯಾಲೆ ಹೋಗಿ ನಿಂತಾರು. ಇನ್ನ ಬೈಯೂದಿಲ್ಲಂತ ನನಗ ಮಾತು ಕೊಡು."

ಗಂಗಕ್ಕನ ಮುಖ ಬಿಳಿಚಿತು. ಹಳಿಯ ಮಾತು ಕೇಳಿದ ಮೇಲೆ ಯಾವ ಹೆಂಗಸು ತಾನೆ ಎದುರಾಡಿಯಾಳು? ಮಗಳ ಕೈಮೇಲೆ ಕೈಯಿಟ್ಟರು.

ಮರುದಿನದಿಂದ ಪಕ್ಕದ ಖೋಲಿಯಲ್ಲಿ ಬೇರೆ ಯಾರೋ ಇದ್ದಂತಾಯಿತು. "ದಣದೀರೇನ್ರಿ?" "ಇವತ್ತ ಹೋಗದಿದ್ರೂ ನಡೀತದ, ಮಲಕ್ಕೋರಿ." ಆ ಮಾತುಗಳನ್ನು ಗಂಗಕ್ಕ, ಬೇರೆಯವರ ಮನೆಯ ಗಾಜಿನ ಲೋಟ ತೊಳೆಯುವವರ ಹಾಗೆ, ಹೆದರಿ ಹೆದರಿ ಆಡುತ್ತಿದ್ದರು. ವೆಂಕಣ್ಣ ಮೊದಮೊದಲು ಬೇಕೆಂದೇ ಚಹಾ ಚೆಲ್ಲಿ ನೋಡಿದರು, ಒದ್ದೆ ಛತ್ರಿಯನ್ನು ಹಾಸಿಗೆಯ ಮೇಲಿಟ್ಟು ನೋಡಿದರು. ಗಂಗಕ್ಕ ಒಂದು ಮಾತೂ ಆಡದೆ ಒರೆಸಿದರು. ಕ್ರಮೇಣ ವೆಂಕಣ್ಣ ಕೆಲಸ ಹುಡುಕಿ ಹೋಗುವುದೂ ಕಡಿಮೆಯಾಯಿತು.

ಮತ್ತೆ ಆ ಬೆಳಗು. ಗಂಗಕ್ಕ ಒಳಗೆ ರೊಟ್ಟಿ ಕಟ್ಟುತ್ತಿದ್ದಾಗ ವೆಂಕಣ್ಣ ಟ್ರಂಕು ಹಿಡಿದು ನಮ್ಮ ಬಾಗಿಲಿಗೆ ಬಂದರು. "ಹುಬ್ಬಳ್ಳಿಗೆ ಹೊಂಟೀನಿ, ವೈನಿ. ತಮ್ಮನ ಅಂಗಡಿಗೆ."

ನನಗೆ ನಂಬಲಾಗಲಿಲ್ಲ. "ಗಂಗಕ್ಕ ಏನಂದರು?"

"ನಿಮ್ಮ ಮನಸ್ಸಿಗೆ ಬಂದಂಗ ಮಾಡ್ರಿ ಅಂದ್ಲು." ಸುಮ್ಮನೆ ನಕ್ಕರು. ಆಮೇಲೆ ದನಿ ತಗ್ಗಿಸಿ ಹೇಳಿದರು. "ನಮ್ಮವ್ವಗೂ ಆಕಿ ಜನ್ಮಪೂರ್ತಿ ಎದುರಾಡಿದಾಕಿ. ಕಡೀಗೆ ಡಾಕ್ಟರು ಕೈಬಿಟ್ಟ ಮ್ಯಾಲೆ ಹಿಂಗಽ ಮೆತ್ತಗ ಮಾತಾಡ್ಲಿಕ್ಕೆ ಹತ್ತಿದ್ಲು. ಈಗ ನನ್ನ ಕೂಡಾನೂ ಹಂಗಽ ಮಾತಾಡ್ತಾಳ. ಇನ್ನ ನನ್ನಿಂದ ಏನೂ ಆಗೂದಿಲ್ಲಂತ ಆಕಿಗೆ ಗೊತ್ತಾಗೇದ, ವೈನಿ. ಆಕೀಗೇ ಗೊತ್ತಾದ ಮ್ಯಾಲೆ ನಾ ಯಾರ ಮುಂದ ಹಟಾ ಹಿಡೀಲಿ?"

ಇಲ್ಲ, ಹಾಗಲ್ಲ ಎಂದು ನಾನು ಬಾಯಿ ತೆರೆಯುವಷ್ಟರಲ್ಲಿ ಗಂಗಕ್ಕ ಬುತ್ತಿ ತಂದರು. ವೆಂಕಣ್ಣ ಅದನ್ನು ಹಿಡಿದು ಮೆಟ್ಟಿಲಿಳಿದು ಅಂಗಳದಲ್ಲಿ ನಿಂತು ಮೇಲೆ ನೋಡಿದರು. ಟ್ರಂಕನ್ನು ಕೆಳಗಿಟ್ಟರು, ಮತ್ತೆ ನೋಡಿದರು.

"ಗಂಗಕ್ಕ, ಬೈಯಿರಿ," ಎಂದೆ. "ಅವರಿಗೆ ಅದೇ ಬೇಕು. ದಯವಿಟ್ಟು ಒಂದು ಸಲ ಬೈಯಿರಿ."

ಅವರು ಗ್ಯಾಲರಿಯ ಕಟಕಟೆಯನ್ನು ಬಿಗಿಯಾಗಿ ಹಿಡಿದರು. "ಹಳಿ ದಾಟೂ ಮುಂದ ಹುಷಾರ್ರೀ," ಎಂದರು. ಕೆಳಗೆ ಕೇಳಿಸಿತೋ ಇಲ್ಲವೋ. ವೆಂಕಣ್ಣ ಟ್ರಂಕು ಎತ್ತಿಕೊಂಡು ಹೋದರು.

ಆ ಮಳೆಗಾಲ ಮುಗಿಯುವ ಮೊದಲೇ ಗಂಗಕ್ಕನೂ ಖೋಲಿ ಬಿಟ್ಟು ಮಗಳ ಮನೆಗೆ ಹೋದರು. ಹುಬ್ಬಳ್ಳಿಗೆ ಕರೆದರೆ ತೊಂದರೆಯಾದೀತೆಂದು ವೆಂಕಣ್ಣ ಕರೆಯಲಿಲ್ಲ, ಕೇಳಿದರೆ ನೋವಾದೀತೆಂದು ಗಂಗಕ್ಕ ಕೇಳಲಿಲ್ಲ. ನಾನು ಒಮ್ಮೆ ಕಾಂದಿವಲಿಗೆ ಹೋಗಿ ನೋಡಿ ಬಂದೆ. "ಆರಾಮ ಅದೀಯೇನ್ವಾ?" ಎಂದು ಮೆಲ್ಲಗೆ ಕೇಳಿದರು. ಬಾಚದೆ ಹೋಗಿದ್ದ ನನ್ನ ತಲೆಯ ಬಗ್ಗೆ ಒಂದು ಮಾತನ್ನೂ ಆಡಲಿಲ್ಲ. ಮತ್ತೆ ನಾನು ಅವರನ್ನು ನೋಡಲಿಲ್ಲ.

ವೆಂಕಣ್ಣ ಹೋದ ಆ ಸಂಜೆ ನಾನು ಗ್ಯಾಲರಿಯಲ್ಲಿ ಅಕ್ಕಿ ಆರಿಸುತ್ತಿದ್ದೆ. ಗಂಗಕ್ಕನ ಬಾಗಿಲು ಅರ್ಧ ಮುಚ್ಚಿತ್ತು, ದೀಪ ಹಚ್ಚಿರಲಿಲ್ಲ. ಆಚೆ ಖೋಲಿಯ ಸುಂದರಿ, ಗಂಡ ಹೋಟೆಲಿನಲ್ಲಿ ಕೆಲಸಕ್ಕಿದ್ದ ಉಡುಪಿಯವಳು, ಒಣಗಿದ ಬಟ್ಟೆ ಮಡಚುತ್ತ ಆ ಕಡೆ ಕಣ್ಣು ಹಾಯಿಸಿದಳು.

"ಈಗ ಎಷ್ಟು ನಯ ಆಗಿದ್ದಾರೆ ಮಾರಾಯ್ತಿ, ಆ ಗಂಗಕ್ಕ! ಮೊದಲಿಂದಲೇ ಹೀಗೆ ಇರ್ತಿದ್ದರೆ ಆ ಪಾಪದ ಮನುಷ್ಯ ಊರಿಗೆ ಯಾಕೆ ಹೋಗ್ತಿದ್ದರು? ಸ್ವಲ್ಪ ಕೊತ್ತಂಬರಿ ಸೊಪ್ಪು ಉಂಟಾ ನಿಮ್ಮಲ್ಲಿ?"