ಸಾವಕಾರರ ಪೆಟ್ಟಿಗೆಯ ಮೇಲೆ ಕುಳಿತ ಮಧ್ಯಾಹ್ನ

ನಮ್ಮ ಸಾವಕಾರರ ಹೆಬ್ಬೆರಳಿಗೆ ಗೆರೆಗಳೇ ಇರಲಿಲ್ಲ. ಗಂಟಿನ ಮೇಲೆ ಸುರಿದ ಬಿಸಿ ಅರಗನ್ನು ಒತ್ತಿ ಒತ್ತಿ ಅದರ ತುದಿ ಸುಟ್ಟು ನುಣ್ಣಗಾಗಿತ್ತು. ಬೆಳಗಾವಿ ಕಡೆಯವರು, ಪುಣೆ ಕ್ಯಾಂಪಿನಲ್ಲಿ ನಮ್ಮ ಮನೆಯ ಕೆಳಗೇ ಅವರ ಗಿರವಿ ಅಂಗಡಿ.

ಒತ್ತೆ ಇಡಲು ಒಡವೆ ತಂದವರು ಅದನ್ನು ತಮ್ಮದೇ ಹಳೆಯ ಬಟ್ಟೆಯ ಚೂರಿನಲ್ಲಿ ತಾವೇ ಕಟ್ಟಬೇಕು, ಇವರು ಮೇಲೆ ಅರಗು ಹಾಕಬೇಕು. ಬಿಡಿಸಿಕೊಳ್ಳುವಾಗ ಕಟ್ಟಿದ ಕೈಯೇ ಬಿಚ್ಚಬೇಕು. ಬರುವವರು ಹೆಚ್ಚಾಗಿ ಹೆಂಗಸರು, ಅದೂ ಮನೆಯವರಿಗೆ ತಿಳಿಸದೆ. ಹಾಗಾಗಿ ಆ ಅಂಗಡಿಯಲ್ಲಿ ಯಾರ ಹೆಸರನ್ನೂ ಗಟ್ಟಿಯಾಗಿ ಹೇಳುವಂತಿರಲಿಲ್ಲ. "ಒಡವಿ ಒತ್ತಿ ಇಡಬಹುದು ತಮ್ಮಾ, ಮಾನ ಒತ್ತಿ ಇಡಾಕ ಬರೂದಿಲ್ಲ," ಎನ್ನುತ್ತಿದ್ದರು.

ನಾನಾಗ ಬಿ.ಎ. ಓದುತ್ತಿದ್ದೆ. ಒಂದು ಮಧ್ಯಾಹ್ನ ಅವರಿಗೆ ಪೇಪರು ಓದಿ ಹೇಳುತ್ತಿದ್ದಾಗ ಫೌಜದಾರ ಪೊಲೀಸರೊಡನೆ ನುಗ್ಗಿದ. ದಂಡಿನ ಸಾಹೇಬನೊಬ್ಬನ ಬಟ್ಲರ್ ಮೇಡಮ್ಮನ ಚಿನ್ನದ ಸರ ಕದ್ದು ಇಲ್ಲಿ ಒತ್ತೆ ಇಟ್ಟಿದ್ದನಂತೆ.

"ಸಗಳಿ ಪೇಟಿ ಉಚಲಾ!" ಇಡೀ ಪೆಟ್ಟಿಗೆಯನ್ನೇ ಎತ್ತಿರೆಂದು ಕೂಗಿದ.

ಸಾವಕಾರರು ಪೆಟ್ಟಿಗೆ ತೆರೆದು, ಬಟ್ಲರನ ರುಮಾಲಿನ ಚೂರಿನಲ್ಲಿ ಕಟ್ಟಿದ್ದ ಗಂಟೊಂದನ್ನು ತೆಗೆದು ಫೌಜದಾರನ ಮುಂದಿಟ್ಟರು. ತೆರೆದ ಪೆಟ್ಟಿಗೆಯಲ್ಲಿ ಇನ್ನೊಂದು ಗಂಟು ನನ್ನ ಕಣ್ಣಿಗೆ ಬಿತ್ತು. ಅದರ ಬಟ್ಟೆ ನೀಲಿ ಇಳಕಲ್ ಸೀರೆಯ ಕೆಂಪು ಅಂಚು, ಅದರ ಮೇಲೆ ದೀಪ ತಾಗಿ ಸುಟ್ಟ ತೂತು. ಅವ್ವನ ಸೀರೆ. ಬಂಗಾರದ ಪಾಟ್ಲಿ ಬಳೆ ಬಿಗಿಯಾದವೆಂದು ತೆಗೆದಿಟ್ಟಿದ್ದೇನೆ ಎಂದು ಅವಳು ಅಪ್ಪನಿಗೆ ಹೇಳಿದ್ದಳು. ನನ್ನ ಕಾಲೇಜಿನ ಫೀ ಎಲ್ಲಿಂದ ಬಂತೆಂದು ಆಗ ತಿಳಿಯಿತು.

ಸಾವಕಾರರು ಬೀಗ ಹಾಕಿ ಪೆಟ್ಟಿಗೆಯ ಮೇಲೆಯೇ ಕುಳಿತರು. "ಕದ್ದ ಮಾಲು ಒಯ್ಯಿರಿ, ಬ್ಯಾಡ ಅನ್ನೂದಿಲ್ಲ. ಪಂಚರ ಮುಂದ ತೂಕ ಮಾಡ್ರಿ, ನನಗ ಪಾವತಿ ಚೀಟಿ ಕೊಡ್ರಿ. ಅದು ಯಾರಿಗೆ ಸೇರಬೇಕಂತ ಮ್ಯಾಜಿಸ್ಟ್ರೇಟರು ನನ್ನನ್ನೂ ಕೇಳಿ ಹೇಳಲಿ. ಉಳಿದ ಗಂಟು ಮುಟ್ಟಬ್ಯಾಡ್ರಿ."

"ಕಳ್ಳನ ಜೋಡಿದಾರ, ನನಗ ಕಾಯ್ದೆ ಕಲಿಸ್ತೀಯಾ? ಎಲ್ಲಾ ಬಿಚ್ಚು. ಯಾವುದು ಯಾರದು, ಇಲ್ಲೇ ಕೂಗಿ ಹೇಳು!" ಫೌಜದಾರನ ಲಾಠಿಯ ತುದಿ ಅವರ ಎದೆಗೆ ಒತ್ತಿತ್ತು.

ಪೊಲೀಸರು ಒತ್ತೆಯ ಬಂಗಾರವನ್ನೆಲ್ಲ ಒಯ್ಯುತ್ತಿದ್ದಾರೆಂಬ ಸುದ್ದಿ ಅಷ್ಟರಲ್ಲಿ ಗಲ್ಲಿ ತುಂಬಿತ್ತು. ಬಾಗಿಲಿಗೆ ಕಲ್ಲು ಬಿತ್ತು. "ಸಾವಕಾರ್ರ, ನಮ್ಮ ಬಂಗಾರ ಹೋತೇನ್ರಿ!" ಎಂದು ಹೆಂಗಸೊಬ್ಬಳು ಚೀರಿದಳು.

"ಹೆಸರು ಕೂಗೂದಿಲ್ಲ. ಬೇಕಾದ್ರ ನನ್ನ ಒಯ್ಯಿರಿ," ಎಂದರು ಸಾವಕಾರರು.

ಪೆಟ್ಟಿಗೆ ಹೊತ್ತು ಆ ಜನರ ನಡುವೆ ಹಾಯುವ ಧೈರ್ಯ ಫೌಜದಾರನಿಗೂ ಇರಲಿಲ್ಲ. ಸಾಕ್ಷಿಗೆ ಗಲ್ಲಿಯ ಪಂಚರು ಬಂದರು, ಸರ ತೂಗಿ ಪಾವತಿ ಬರೆದಾಯಿತು. ಆದರೆ ಕಳ್ಳಮಾಲು ಇಟ್ಟುಕೊಂಡ ಆರೋಪದ ಮೇಲೆ ಫೌಜದಾರ ಸಾವಕಾರರನ್ನು ಹಿಡಿದ. ವಾರಂಟು ತಂದು ಪೆಟ್ಟಿಗೆ ಒಡೆಸುತ್ತೇನೆಂದು ಹೇಳಿ ಒಬ್ಬ ಪೊಲೀಸನನ್ನು ಕಾವಲಿಟ್ಟ. ಸಾವಕಾರರು ಉಡದಾರದ ಕೀಲಿ ಬಿಚ್ಚಿ ನನ್ನ ಅಂಗೈಯಲ್ಲಿಟ್ಟರು. "ಇದರ ಮ್ಯಾಲ ಕೂಡು ತಮ್ಮಾ. ಯಾರ ಹೆಸರೂ ಎತ್ತಬ್ಯಾಡ."

ಕುಳಿತೆ. ಪೊಲೀಸ ನನ್ನ ಕಾಲಿನ ಪಕ್ಕದಲ್ಲೇ ಲಾಠಿಯಿಂದ ಪೆಟ್ಟಿಗೆ ಕುಟ್ಟುತ್ತಿದ್ದ. ಪ್ರತಿ ಪೆಟ್ಟಿಗೂ ಒಳಗಿನ ಒಡವೆ ನಡುಗುವುದು ನನಗೆ ತಿಳಿಯುತ್ತಿತ್ತು. ಆಫೀಸಿನಿಂದ ಬಂದ ಅಪ್ಪ ಜನರನ್ನು ತಳ್ಳಿಕೊಂಡು ಒಳಗೆ ಬಂದರು. "ಏಳ್ ಮ್ಯಾಲ! ಸಾಯ್ತೀಯೇನು? ಆ ಪೆಟ್ಟಿಗ್ಯಾಗ ನಮ್ಮದೇನದ?"

ನಾನು ಕೀಲಿಯನ್ನು ಮುಷ್ಟಿಯಲ್ಲಿ ಬಿಗಿಹಿಡಿದೆ. ಏಳಲಿಲ್ಲ.

ವಾರಂಟು ಬರಲಿಲ್ಲ. ದೀಪ ಹಚ್ಚುವ ಹೊತ್ತಿಗೆ ಸಾವಕಾರರು ಜಾಮೀನಿನ ಮೇಲೆ ಬಂದರು. ಕೀಲಿ ತೆಗೆದುಕೊಂಡು ನನ್ನ ಮುಖವನ್ನೇ ನೋಡಿದರು. "ಕಂಡದ್ದು ಕಣ್ಣಾಗ ಇರಲಿ," ಎಂದರು. ಮುಂದೆ ಕೋರ್ಟು ಅವರನ್ನು ಬಿಟ್ಟಿತು, ಸರವನ್ನು ಮೇಡಮ್ಮನಿಗೆ ಕೊಟ್ಟಿತು. ಬಟ್ಲರನಿಗೆ ಕೊಟ್ಟಿದ್ದ ಸಾಲ ಮುಳುಗಿತು. "ಹೋಗಲಿ ಬಿಡು. ನನ್ನನ್ನೂ ಕೇಳಿದ್ರಲ್ಲ," ಎಂದು ಎಲೆಗೆ ಸುಣ್ಣ ಹಚ್ಚಿಕೊಂಡರು.

ಇಂದಿಗೂ ಯಾರಾದರೂ ಜೋರಾಗಿ ಕದ ಬಡಿದರೆ ನನ್ನ ಕೈ ತಾನಾಗಿ ಮುಷ್ಟಿಯಾಗುತ್ತದೆ, ಒಳಗೆ ಕೀಲಿ ಇದ್ದಂತೆ.

ಮೊದಲ ಪಗಾರ ಹಿಡಿದು ಪಾಟ್ಲಿ ಬಿಡಿಸಲು ಹೋದೆ. ಅವರು ಕೊಡಲಿಲ್ಲ. "ಕಟ್ಟಿದಾಕೀನ್ನ ಕಳಸು." ಅವ್ವ ಹೋಗಿ ತಾನೇ ಬಿಚ್ಚಿದಳು. ಆ ವರ್ಷವೇ ಸಾವಕಾರರು ತೀರಿಕೊಂಡರು. ಅವರ ಮನೆಯವರನ್ನು ಮಾತಾಡಿಸಲು ಹೊರಟ ಅವ್ವನ ಕೈಯಲ್ಲಿ ಪಾಟ್ಲಿ ಕಂಡು ಅಪ್ಪ ಕೇಳಿದರು, "ಇಷ್ಟು ವರ್ಷ ಎಲ್ಲಿದ್ದುವು ಇವು?"

"ಪೆಟ್ಟಿಗ್ಯಾಗ ಇದ್ದುವು," ಎಂದಳು ಅವ್ವ. ನಾನು ಬಾಗಿಲು ತೆರೆದು ಹಿಡಿದೆ.